ಪೆಟ್ಟಿಗೆ ಮಾಮನ ಬಸ್ಸು

ಆಗೆಲ್ಲ ಮಂಗಳೂರಿನ ಕುದ್ರೋಳಿಯ ನಮ್ಮ ಮನೆಯಲ್ಲಿ ಮಧ್ಯಾಹ್ನದ ಊಟವಾದ ಮೇಲೆ ಎರಡು ಗಂಟೆ ಕಾಲ ಒಂದು ಮೊಳೆಯ ಸದ್ದೂ ಇರುತ್ತಿರಲಿಲ್ಲ. ಬೆಳಗಿನಿಂದ ಕಿವಿ ಕೊರೆಯುತ್ತಿದ್ದ, ಮರ ಕಡೆಯುವ ಲೇತ್ ನಿಲ್ಲುತ್ತಿತ್ತು. ಗರಗಸ ನಿಲ್ಲುತ್ತಿತ್ತು. ಬಣ್ಣ ಹಚ್ಚುವ ಅಕ್ಕಂದಿರು ಶೆಡ್ಡಿನ ನೆರಳಿನಲ್ಲಿ ಸೆರಗು ಹಾಸಿ ಒರಗುತ್ತಿದ್ದರು. ಹುರಿದ ಬಂಗುಡೆ ಮೀನಿನ ವಾಸನೆ, ಹಲಸಿನ ಮರದ ಹುಡಿಯ ವಾಸನೆ, ಟರ್ಪೆಂಟೈನ್ ವಾಸನೆ ಮೂರೂ ಸೇರಿ ಹಂಚಿನ ಮಾಡಿನ ಕೆಳಗೆ ಬಿಸಿಯಾಗಿ ನಿಂತಿರುತ್ತಿದ್ದವು. ಅಂಗಡಿಯೋ ಕಾರ್ಖಾನೆಯೋ ಮನೆಗೆ ಅಂಟಿಕೊಂಡೇ ಇದ್ದ ಕಡೆ ಬೆಳೆದವರಿಗೆ ಇದು ಗೊತ್ತಿರುತ್ತದೆ, ಮನೆಯವರಿಗೆ ತಮ್ಮದು ಅಂತ ಸಿಗುವ ಹೊತ್ತು ಅದೊಂದೇ. ನನಗೂ ಜೊಹರಾಳಿಗೂ ಆ ಎರಡು ಗಂಟೆ ಇಡೀ ದಿನದ ರಾಜಯೋಗ.

ನಮ್ಮದು ಆಟಿಕೆ ಮಾಡುವ ಮನೆ. ಅಜ್ಜ ಮರದ ಡಿಪೋಗಳಲ್ಲಿ ಉಳಿದ ತುಂಡುಗಳನ್ನು ತಂದು ಬುಗುರಿ, ಗಿಲಕಿ ಮಾಡಿ ಬಂದರಿನ ಅಂಗಡಿಗಳಿಗೆ ಕೊಡುತ್ತಿದ್ದರು. ಪಪ್ಪ ಅದಕ್ಕೆ ಒಂದು ಲೇತ್, ಒಂದು ಶೆಡ್ಡು, ಹತ್ತು ಹನ್ನೆರಡು ಜನ ಕೆಲಸದವರು ಮತ್ತು ಒಂದು ದೊಡ್ಡ ಬೋರ್ಡು ಸೇರಿಸಿ ಕಂಪನಿ ಅಂತ ಕರೆದರು. ಈಗ ಅದು ಬೈಕಂಪಾಡಿಯ ಕೈಗಾರಿಕಾ ಪ್ರದೇಶಕ್ಕೆ ಹೋಗಿ ದೊಡ್ಡದಾಗಿದೆ, ನಾನು ನಡೆಸುತ್ತಿದ್ದೇನೆ. ಉದ್ಯಮಿಗಳ ಸಭೆಗೆ ಕರೆಯುತ್ತಾರೆ, ಶಾಲು ಹೊದಿಸುತ್ತಾರೆ. ಮೈಕ್ ನನ್ನ ಕೈಗೆ ಬಂದ ಕೂಡಲೇ ಯಾರಾದರೊಬ್ಬರು ಕೇಳಿಯೇ ಕೇಳುತ್ತಾರೆ, ನಿಮ್ಮ ಮರದ ಸಿಟಿ ಬಸ್ಸಿನ ಐಡಿಯಾ ಯಾರಿಗೆ ಬಂದದ್ದು ಎಂದು. ಕೆಂಪು ಹಳದಿ ಬಣ್ಣದ ಬಸ್ಸು, ಒಳಗೆ ಎಂಟು ಮಂದಿ ಬೆರಳುದ್ದದ ಪ್ರಯಾಣಿಕರು, ಒಬ್ಬೊಬ್ಬರ ವಿಷಯ ಬರೆದ ಒಂದು ಚೀಟಿ. ನಮ್ಮ ಕಂಪನಿ ಇಷ್ಟು ವರ್ಷ ಉಂಡದ್ದು ಆ ಬಸ್ಸಿನ ಅನ್ನ. "ನಮ್ಮ ತಂದೆಯವರಿಗೆ" ಅನ್ನುತ್ತೇನೆ. ಚಪ್ಪಾಳೆ ಬೀಳುತ್ತದೆ. ಇದು ಶುದ್ಧ ಸುಳ್ಳು. ಆ ಬಸ್ಸು ಜೊಹರಾಳದ್ದು. ಅದು ನಮ್ಮದಾದ ಬಗೆಯನ್ನು ಇವತ್ತಿನವರೆಗೆ ಯಾವ ಮೈಕಿನಲ್ಲೂ ಹೇಳಿಲ್ಲ.

ನಾಲ್ಕನೇ ಕ್ಲಾಸಿನ ಪರೀಕ್ಷೆ ಮುಗಿದು ದೊಡ್ಡ ರಜೆ ಸಿಕ್ಕಿತ್ತು. ಜೊಹರಾ ನಮ್ಮ ಓಣಿಯ ಕೊನೆಯ ಮನೆಯವಳು, ನನ್ನದೇ ಬೆಂಚಿನವಳು. ಅವಳ ತಾಯಿ, ಅವಳು ಕರೆಯುವ ಹಾಗೆ ಉಮ್ಮ, ನಮ್ಮ ಕಂಪನಿಗೆ ಚೀಲ ಹೊಲಿದು ಕೊಡುತ್ತಿದ್ದರು. ಆಗ ನಮ್ಮ ಆಟಿಕೆಗಳಿಗೆ ರಟ್ಟಿನ ಡಬ್ಬಿ ಇರಲಿಲ್ಲ, ದಾರ ಎಳೆದು ಬಾಯಿ ಕಟ್ಟುವ ಕೋರಾ ಬಟ್ಟೆಯ ಚೀಲದಲ್ಲಿ ಅಂಗಡಿಗೆ ಹೋಗುತ್ತಿದ್ದವು. ಜೊಹರಾಳ ತಂದೆ, ಅವಳ ಬಾಪ, ಗಲ್ಫಿನಲ್ಲಿದ್ದರು. ಮನೆಯಲ್ಲಿ ಉಮ್ಮ, ಜೊಹರಾ ಮತ್ತು ಬಾಪನ ತಾಯಿ, ಮೂರೇ ಜನ. ಆ ಅಜ್ಜಿಗೆ ಕಣ್ಣು ಮಂಜಾಗಿತ್ತು. ಬಾಪ ಯಾವಾಗ ಬರುವುದು ಅಂತ ಯಾರು ಕೇಳಿದರೂ ಉಮ್ಮ ಹೊಲಿಗೆಯಿಂದ ತಲೆ ಎತ್ತದೆ "ಬರುವ ತಿಂಗಳು" ಅನ್ನುತ್ತಿದ್ದರು. ಬರುವ ತಿಂಗಳುಗಳು ತುಂಬ ಆಗಿದ್ದವು, ಅದನ್ನು ಲೆಕ್ಕ ಹಾಕುವ ವಯಸ್ಸು ನನ್ನದಾಗಿರಲಿಲ್ಲ.

ನಮ್ಮ ಆಟದ ಜಾಗ ಪ್ಯಾಕಿಂಗ್ ಕೋಣೆ. ಕೆಂಪು ನೆಲ ತಣ್ಣಗಿರುತ್ತಿತ್ತು, ಮೂಲೆಯಲ್ಲಿ ಚೀಲಗಳ ರಾಶಿ, ಅದರ ಮೇಲೆ ನಾವು. ಇನ್ನೊಂದು ಮೂಲೆಯ ಆರಾಮ ಕುರ್ಚಿಯಲ್ಲಿ ಪಪ್ಪ, ಮುಖದ ಮೇಲೆ ಪೇಪರು. ನಿದ್ದೆಗೆ ತೊಂದರೆಯಾಗಬಾರದೆಂದು ನಾವು ಪಿಸುಪಿಸು ಮಾತಾಡುತ್ತಿದ್ದೆವು. ಮಾತು ತುಳುವಿನಲ್ಲಿ, ನಡುನಡುವೆ ಅವಳ ಮನೆಮಾತು ಬ್ಯಾರಿ. ಇಲ್ಲಿ ಕನ್ನಡದಲ್ಲಿ ಬರೆಯುತ್ತಿದ್ದೇನೆ, ಅಷ್ಟೇ.

ಪಪ್ಪನ ಆ ಕುರ್ಚಿಯ ವಿಷಯ ಮೊದಲೇ ಹೇಳಬೇಕು. ಅದು ಅಜ್ಜನ ಕಾಲದಿಂದಲೂ ಅದೇ ಕೋಣೆಯಲ್ಲಿತ್ತು, ಅದಕ್ಕೆ ಕಾರಣವೂ ಇತ್ತು. ಮಕ್ಕಳು ಆಡುವಾಗ ನೋಡಬಾರದು, ಕೇಳಬೇಕು ಎನ್ನುವುದು ಅಜ್ಜನ ಕೆಲಸದ ಕ್ರಮ. ನೋಡುವವರಿದ್ದಾರೆ ಅಂತ ಗೊತ್ತಾದರೆ ಮಕ್ಕಳು ನಾಟಕ ಶುರುಮಾಡುತ್ತಾರೆ, ದೊಡ್ಡವರು ಮಲಗಿದ್ದಾರೆ ಅಂತ ಕಂಡರೆ ಮಾತ್ರ ನಿಜವಾದ ಆಟ ಹೊರಗೆ ಬರುತ್ತದೆ ಎನ್ನುತ್ತಿದ್ದರಂತೆ. ನಾನು ಮೂರು ವರ್ಷದವಳಿದ್ದಾಗ ಚಕ್ರದ ಬಾತುಕೋಳಿ ಎಳೆಯುತ್ತಾ ಪಾಪ ಅದಕ್ಕೆ ಕಾಲುನೋವು ಅಂದಿದ್ದೆನಂತೆ. ಅಜ್ಜ ಮರುದಿನವೇ ಒಂದು ಚಕ್ರದ ತೂತು ಓರೆಯಾಗಿ ಕೊರೆಸಿ ಕುಂಟುವ ಬಾತುಕೋಳಿ ಮಾಡಿದರು. ಈ ಕಥೆಯನ್ನು ನಮ್ಮ ಮನೆಯಲ್ಲಿ ನೆಂಟರು ಬಂದಾಗಲೆಲ್ಲ ಹೇಳುತ್ತಿದ್ದರು, ನಾನು ಎದೆಯುಬ್ಬಿಸಿ ನಿಲ್ಲುತ್ತಿದ್ದೆ. ಜೊಹರಾಳಿಗೆ ಈ ಕಥೆ ಗೊತ್ತಿರಲಿಲ್ಲ. ಅವಳಿಗೆ ಹೇಳಬೇಕೆಂದು ನನಗೆ ತೋರಲೂ ಇಲ್ಲ.

ಬಸ್ಸು ಮೊದಲಿಗೆ ಬಸ್ಸಾಗಿರಲಿಲ್ಲ, ಬುಗುರಿ ತುಂಬುವ ಒಂದು ಹಲಗೆಯ ಟ್ರೇ. ಲೇತಿನಲ್ಲಿ ಓರೆಯಾಗಿ ಬಂದ ಗಿಲಕಿಯ ಹಿಡಿಗಳನ್ನು ಒಂದು ಬುಟ್ಟಿಗೆ ಎಸೆಯುತ್ತಿದ್ದರು. ಜೊಹರಾ ಅದರಿಂದ ಒಂದನ್ನು ಎತ್ತಿ, ಪೆನ್ಸಿಲಿನಿಂದ ಎರಡು ಕಣ್ಣು ಗೀರಿ, ಟ್ರೇಯಲ್ಲಿ ನಿಲ್ಲಿಸಿ, "ಇವರು ಚಿಲ್ಲರೆ ಇಲ್ಲದ ಮಾಸ್ಟ್ರು" ಅಂದಳು. ಅಷ್ಟೇ, ಬಸ್ಸು ಹೊರಟಿತು. ಮಾಸ್ಟ್ರು ದಿನಾ ದೊಡ್ಡ ನೋಟು ಕೊಟ್ಟು ಕಂಡಕ್ಟರನ ಬೈಗುಳ ತಿನ್ನುತ್ತಿದ್ದರು. ಮೀನಿನ ಬುಟ್ಟಿಗೆ ಟಿಕೆಟ್ ಯಾಕೆ ಅಂತ ಜಗಳಕ್ಕೆ ನಿಲ್ಲುವ ಬುಟ್ಟಿ ಅಕ್ಕ ಹತ್ತಿದರು. ಕಿಟಕಿ ಬದಿಯ ಸೀಟು ಸಿಗದಿದ್ದರೆ ವಾಂತಿ ಮಾಡುತ್ತೇನೆಂದು ಹೆದರಿಸುವ ಮದುಮಗಳು ಹತ್ತಿದಳು. ನಾನು ಕಂಡಕ್ಟರ್, ಅವಳು ಬಾಕಿ ಎಲ್ಲರೂ. ಹಂಪನಕಟ್ಟೆಯಿಂದ ಕಾವೂರಿಗೆ ರೂಟು. ದಾರಿಯಲ್ಲಿ ಬರಲಿ ಬಿಡಲಿ, ಬಸ್ಸು ಕುದ್ರೋಳಿಯ ಮೇಲೆಯೇ ಹೋಗಬೇಕು ಎಂದು ಜೊಹರಾಳ ಹಟ.

ನಾಲ್ಕನೆಯ ದಿನವೋ ಐದನೆಯ ದಿನವೋ ಅವಳು ಒಂದು ಬೆಂಕಿಪೆಟ್ಟಿಗೆಗೆ ಬೆಳ್ಳಿ ಕಾಗದ ಅಂಟಿಸಿ ತಂದಳು. ಬದಿಯಲ್ಲಿ ಸೀಳು ಬಿಟ್ಟ ಒಂದು ಹಿಡಿಯನ್ನು ಕೊನೆಯ ಸೀಟಿನಲ್ಲಿ ಕೂರಿಸಿ, ಆ ಪೆಟ್ಟಿಗೆಯನ್ನು ಪಕ್ಕಕ್ಕಿಟ್ಟಳು.

"ಇವರು ಯಾರು ಮಾರಾಯ್ತಿ?" ಅಂದೆ.

"ಪೆಟ್ಟಿಗೆ ಮಾಮ. ಗಲ್ಫಿನಿಂದ ಬಂದದ್ದು."

ನಾನು ಕಂಡಕ್ಟರನ ಗತ್ತಿನಲ್ಲಿ ಕೇಳಿದೆ. "ಎಲ್ಲಿಗೆ ಮಾಮ?"

"ಮುಂದಿನ ಸ್ಟಾಪ್."

"ಕುದ್ರೋಳಿ, ಕುದ್ರೋಳಿ! ಬೇಗ ಇಳೀರಿ."

"ಇಲ್ಲಿ ಅಲ್ಲ. ಮುಂದಿನ ಸ್ಟಾಪ್."

ಕಾವೂರಿನಲ್ಲಿ ಎಲ್ಲರೂ ಇಳಿದು ಖಾಲಿ ಬಸ್ಸು ತಿರುಗಿದರೂ ಪೆಟ್ಟಿಗೆ ಮಾಮ ಇಳಿಯಲಿಲ್ಲ. ನನಗೆ ನಗು ತಡೆಯಲಾಗಲಿಲ್ಲ, ಚೀಲದ ರಾಶಿಯಲ್ಲಿ ಮುಖ ಹುದುಗಿಸಿ ನಕ್ಕೆ. ಅಲ್ಲಿಂದ ಮೇಲೆ ಪ್ರತಿದಿನ ಬಸ್ಸಿನ ತಮಾಷೆಯೆಂದರೆ ಅವರೇ. ಯಾವ ಸ್ಟಾಪ್ ಹೇಳಿದರೂ ಅದೇ ಉತ್ತರ. ಕಂಡಕ್ಟರ್ ಬೇಡಿದರೂ, ಗದರಿದರೂ, ಪೊಲೀಸ್ ಕರೆಯುತ್ತೇನೆ ಅಂದರೂ ಅದೇ ಉತ್ತರ.

ಮೇ ತಿಂಗಳ ನಡುವಿನ ಒಂದು ಮಧ್ಯಾಹ್ನ ನಾನು ಆಟ ನಿಲ್ಲಿಸಿ ಕೇಳಿದೆ. "ಅಲ್ಲ ಜೊಹರಾ, ಇವರಿಗೆ ಎಂತ ಆಗಿದೆ? ಯಾಕೆ ಇಳಿಯುವುದಿಲ್ಲ?"

ಅವಳು ಬೆಂಕಿಪೆಟ್ಟಿಗೆಯನ್ನು ಬೆರಳಿನಿಂದ ತಳ್ಳಿ ತೆರೆದಳು. "ನೋಡು, ಖಾಲಿ ಉಂಟು. ಅಷ್ಟು ವರ್ಷ ಅಲ್ಲಿದ್ದು ಖಾಲಿ ಪೆಟ್ಟಿಗೆ ಹಿಡ್ಕೊಂಡು ಮನೆಗೆ ಹೇಗೆ ಹೋಗುವುದು? ಅವರಿಗೆ ನಾಚಿಕೆ ಆಗುವುದಿಲ್ವಾ?"

ನಗು ಬರಲಿಲ್ಲ. ಕುರ್ಚಿಯ ಕಡೆ ನೋಡಿದೆ. ಪೇಪರು ಜಾರಿತ್ತು. ಪಪ್ಪನ ಕಣ್ಣು ತೆರೆದಿತ್ತು. ನನ್ನನ್ನು ನೋಡಿ ತುಟಿಯ ಮೇಲೆ ಬೆರಳಿಟ್ಟು, ಮುಗುಳುನಕ್ಕು, ಪೇಪರನ್ನು ಮತ್ತೆ ಮುಖದ ಮೇಲೆ ಎಳೆದುಕೊಂಡರು. ಜೊಹರಾಳ ಬೆನ್ನು ಅವರ ಕಡೆಗಿತ್ತು.

ನಾನೂ ನಕ್ಕೆ. ಇದನ್ನು ಬರೆಯದೆ ಬಿಡಬಹುದಿತ್ತು, ಆದರೆ ನಕ್ಕದ್ದು ನಿಜ. ಕುಂಟುವ ಬಾತುಕೋಳಿಯ ನಂತರ ಏಳು ವರ್ಷ ನನ್ನ ಯಾವ ಆಟವೂ ಪಪ್ಪನಿಗೆ ಬೇಕಾಗಿರಲಿಲ್ಲ. ಈಗ ಬೇಕಾಗಿದೆ ಅಂತ ಗೊತ್ತಾಗಿ ನನಗೆ ಸ್ವರ್ಗಕ್ಕೆ ಮೂರೇ ಗೇಣು. ಪಪ್ಪ ಎಚ್ಚರವಾಗಿದ್ದಾರೆ ಅಂತ ಒಂದು ಮಾತು ಹೇಳಿದ್ದರೆ ಸಾಕಿತ್ತು. ಅದರ ಬದಲು ನಾನು ಸ್ವಲ್ಪ ಜೋರಾಗಿ ಹೇಳಿದೆ. "ಇನ್ನೊಮ್ಮೆ ಹೇಳು ಜೊಹರಾ, ಪೆಟ್ಟಿಗೆಯಲ್ಲಿ ಎಂತ ಉಂಟು?"

ಅವಳು ಇನ್ನೊಮ್ಮೆ ಹೇಳಿದಳು. ನಾನು ಅಷ್ಟು ಆಸೆಯಿಂದ ಕೇಳಿದ್ದಕ್ಕೋ ಏನೋ, ಅಲ್ಲಿಗೇ ನಿಲ್ಲಿಸಲಿಲ್ಲ. ನನ್ನ ಹತ್ತಿರ ಸರಿದು, ಕಿವಿಗೆ ಬಾಯಿ ತಾಗಿಸಿ ಉಳಿದದ್ದನ್ನೂ ಹೇಳಿದಳು. ಬಾಪನ ಕಾಗದ ಬಾರದೆ ಒಂದೂವರೆ ವರ್ಷವಾಗಿತ್ತು. ಪ್ರತಿ ಶುಕ್ರವಾರ ಉಮ್ಮ ಹಳೆಯ ಕಾಗದವೊಂದನ್ನು ತೆಗೆದು, ಈಗ ತಾನೇ ಬಂದದ್ದು ಎಂದು ಅಜ್ಜಿಯ ಮುಂದೆ ಕೂತು ಓದುತ್ತಿದ್ದರು. ಅದರಲ್ಲಿ ಇಲ್ಲದ್ದನ್ನೆಲ್ಲ ಓದುತ್ತಿದ್ದರು. ಅಮ್ಮಾ ನಿಮ್ಮ ಮೊಣಕಾಲು ನೋವು ಹೇಗುಂಟು, ನಿಮಗೆ ಒಂದು ಕಂಬಳಿ ತೆಗೆದಿಟ್ಟಿದ್ದೇನೆ, ಬರುವ ತಿಂಗಳು ಬರುತ್ತೇನೆ. ಅಜ್ಜಿ ಕಾಗದವನ್ನು ಕೈಗೆ ತೆಗೆದುಕೊಂಡು ಮೂಗಿಗೆ ಹಿಡಿದು ವಾಸನೆ ನೋಡಿ ಕೊಡುತ್ತಿದ್ದರಂತೆ.

"ಯಾರಿಗೂ ಗೊತ್ತಿಲ್ಲ. ನನಗೆ ಗೊತ್ತುಂಟು ಅಂತ ಉಮ್ಮನಿಗೂ ಗೊತ್ತಿಲ್ಲ" ಅಂದಳು. "ಆಣೆ ಹಾಕು."

ಅಮ್ಮನಾಣೆ ಅಂದೆ, ದೇವರಾಣೆ ಅಂದೆ. ಅವಳಿಗೆ ಸಮಾಧಾನವಾಯಿತು. ಮತ್ತೆ ಬಸ್ಸು ಹೊರಡಿಸಿದೆವು.

ಮೇ ಕೊನೆಗೆ ಶೆಡ್ಡಿನ ಬಾಗಿಲು ನಮಗೆ ಮುಚ್ಚಿತು. ಹೊಸ ಮಾಲು, ಮಕ್ಕಳು ಬರಬಾರದು. ಉಮ್ಮನಿಗೆ ಮಾಮೂಲಿಗಿಂತ ಉದ್ದದ ಚೀಲಗಳ ಆರ್ಡರು ಹೋಯಿತು. ಅಳತೆಯ ಕಾಗದ ತೆಗೆದುಕೊಳ್ಳಲು ಬಂದ ಉಮ್ಮ ಪಪ್ಪನನ್ನು ಕೇಳಿದ್ದು ನನಗೆ ನೆನಪುಂಟು. "ಇಷ್ಟು ಉದ್ದದ ಚೀಲದಲ್ಲಿ ಎಂತ ಹಾಕ್ಲಿಕ್ಕೆ ಸಾಹುಕಾರ್ರೇ?"

"ಹೊಲಿದು ಆಗಲಿ, ಆಮೇಲೆ ನೋಡುವಿರಂತೆ" ಅಂದರು ಪಪ್ಪ, ಖುಷಿಯಿಂದ.

ಉಮ್ಮ ಹಗಲಿಡೀ ಮಿಷನ್ ತುಳಿದರು. ಹೊಲಿದ ಚೀಲಗಳಿಗೆ ದಾರ ಪೋಣಿಸುವುದು ನಮ್ಮಿಬ್ಬರ ಕೆಲಸ. ಅವರ ಮನೆಯ ಜಗಲಿಯಲ್ಲಿ ಕೂತು, ಸೇಫ್ಟಿ ಪಿನ್ನಿಗೆ ದಾರ ಸಿಕ್ಕಿಸಿ, ಚೀಲದ ಬಾಯಿಯ ಮಡಿಕೆಯೊಳಗೆ ಈ ತುದಿಯಿಂದ ಆ ತುದಿಗೆ ಎಳೆಯುತ್ತಿದ್ದೆವು. ಅಜ್ಜಿ ಹಲಸಿನ ಹಪ್ಪಳ ಸುಟ್ಟು ಕೊಡುತ್ತಿದ್ದರು. ಉಮ್ಮ ಪುನರ್ಪುಳಿ ಶರಬತ್ತು ಮಾಡುತ್ತಿದ್ದರು, ನನ್ನದಕ್ಕೆ ಒಂದು ಚಮಚ ಸಕ್ಕರೆ ಹೆಚ್ಚು. ಎಷ್ಟು ಚೀಲಗಳಿಗೆ ದಾರ ಹಾಕಿದೆವೋ ಲೆಕ್ಕವಿಲ್ಲ.

ಮಳೆ ಹಿಡಿದ ವಾರ ಪಪ್ಪ ನನ್ನನ್ನು ಕರೆದು ಎರಡು ಚೀಲ ಕೊಟ್ಟರು. "ಒಂದು ನಿನಗೆ, ಒಂದು ಜೊಹರಾಗೆ. ನಿಮ್ಮದೇ ಆಟ ಬೇಬಿ, ನೋಡು ಹೇಗೆ ಬಂದಿದೆ."

ದಾರ ಸಡಿಲಿಸಿ ಇಣುಕಿದೆ. ಕೆಂಪು ಹಳದಿ ಬಸ್ಸು. ಮಾಸ್ಟ್ರು, ಬುಟ್ಟಿ ಅಕ್ಕ, ಮದುಮಗಳು. ಎಲ್ಲರಿಗೂ ನಿಜವಾದ ಮುಖ, ನಿಜವಾದ ಬಣ್ಣ. ಚೀಟಿ ಓದುವಷ್ಟು ತಾಳ್ಮೆ ಯಾರಿಗಿತ್ತು? ಅವಳಿಗೆ ತೋರಿಸಬೇಕು ಎನ್ನುವ ಸಂಭ್ರಮದಲ್ಲಿ ಕೊಡೆಯನ್ನೂ ಹಿಡಿಯದೆ ಓಡಿದೆ.

ಜೊಹರಾ ಬಸ್ಸನ್ನು ನೋಡಿ ಬಾಯಿಗೆ ಕೈ ಅಡ್ಡ ಹಿಡಿದಳು. ಮೊದಲಿಗೆ ಅವಳಿಗೂ ಖುಷಿಯೇ, ಆ ಮುಖ ನನಗೆ ಚೆನ್ನಾಗಿ ನೆನಪಿದೆ. ಉಮ್ಮ ಮಿಷನ್ ಬಿಟ್ಟು ಬಂದರು. ಅಜ್ಜಿ ಮಂಚದಿಂದ ಎಂತದ್ದು, ಎಂತದ್ದು ಅಂತ ಕೇಳಿದರು. ಉಮ್ಮ ಬಸ್ಸನ್ನು ಅವರ ಮಡಿಲಲ್ಲಿಟ್ಟು, ಚೀಟಿ ಬಿಡಿಸಿ, ಕಾಗದ ಓದುವ ಹಾಗೆಯೇ ರಾಗವಾಗಿ ಓದತೊಡಗಿದರು. ಒಬ್ಬೊಬ್ಬರ ವಿಷಯ ಓದಿದ ಹಾಗೆ ಅಜ್ಜಿ ಆ ಗೊಂಬೆಯನ್ನು ಬೆರಳಿನಿಂದ ತಡವಿ ನೋಡುತ್ತಿದ್ದರು. ಚಿಲ್ಲರೆ ಇಲ್ಲದ ಮಾಸ್ಟ್ರಿಗೆ ನಕ್ಕರು. ಬುಟ್ಟಿ ಅಕ್ಕನಿಗೆ ಕೆಮ್ಮು ಬರುವಷ್ಟು ನಕ್ಕರು.

ಆಮೇಲೆ ಉಮ್ಮ ಎಂಟನೆಯದಕ್ಕೆ ಬಂದರು. "ಪೆಟ್ಟಿಗೆ ಮಾಮ. ಗಲ್ಫಿನಿಂದ ಬಂದವರು" ಎಂದು ಓದಿ ನಿಂತರು.

ನಾನು ಅವರ ಭುಜದ ಹಿಂದೆ ನಿಂತಿದ್ದೆ. ಉಳಿದದ್ದನ್ನು ನಾನೇ ಓದಿಕೊಂಡೆ. ಯಾವ ಸ್ಟಾಪಿನಲ್ಲೂ ಇಳಿಯುವುದಿಲ್ಲ. ಕೇಳಿದರೆ ಮುಂದಿನ ಸ್ಟಾಪ್ ಅನ್ನುತ್ತಾರೆ. ಯಾಕೆ ಇಳಿಯುವುದಿಲ್ಲ ಗೊತ್ತೇ? ಪೆಟ್ಟಿಗೆ ತೆರೆದು ನೋಡಿ!

"ಎಂತ ಆಯ್ತು? ಓದು" ಅಂದರು ಅಜ್ಜಿ.

ಉಮ್ಮನ ಸ್ವರ ಒಂದು ಚೂರೂ ಬದಲಾಗಲಿಲ್ಲ. "ಓದ್ತೇನೆ ಮಾಮಿ. ಪೆಟ್ಟಿಗೆ ಮಾಮ, ಗಲ್ಫಿನಿಂದ ಬಂದವರು. ಪೆಟ್ಟಿಗೆ ತುಂಬ ಸಾಮಾನು. ಅಮ್ಮನಿಗೆ ಕಂಬಳಿ, ಮಗಳಿಗೆ ಫ್ರಾಕು. ಬೇಗ ಬೇಗ ಇಳಿದು ಮನೆಗೆ ಓಡ್ತಾರೆ."

ಅಜ್ಜಿ ಆ ಗೊಂಬೆಯ ತಲೆ ಸವರಿ, ಪುಟ್ಟ ಪೆಟ್ಟಿಗೆಯನ್ನು ಮುಟ್ಟಿ, ಒಳ್ಳೆಯದಾಗಲಿ ಅಂದರು. ಪೆಟ್ಟಿಗೆಗೆ ಪಪ್ಪ ಅಕ್ಕಿಕಾಳಿನಷ್ಟು ಚಿಕ್ಕ ಹಿತ್ತಾಳೆಯ ಕೀಲು ಕೂರಿಸಿದ್ದರು, ಮುಚ್ಚಳ ತೆರೆಯುವ ಹಾಗೆ. ಅಜ್ಜಿಯ ಬೆರಳು ಅದರ ಮೇಲೆ ಓಡಾಡುವುದನ್ನು ನೋಡಲಾರದೆ ನಾನು ಜಗಲಿಗೆ ಬಂದೆ.

ಜೊಹರಾ ಹಿಂದೆಯೇ ಬಂದಳು. ಅಳುತ್ತಿರಲಿಲ್ಲ. "ನೀನು ಹೇಳಿದ್ದಾ?"

"ಇಲ್ಲ. ಆಣೆಗೂ ಇಲ್ಲ. ಪಪ್ಪ ಕೇಳಿಸಿಕೊಂಡದ್ದು."

"ಅವರು ಮಲಗಿದ್ದರಲ್ಲ."

ನಾನು ಮಳೆಯ ಕಡೆ ಮುಖ ತಿರುಗಿಸಿದೆ.

"ಮಲಗಿರಲಿಲ್ವಾ?" ಮುಂದೆ ಬಂದು ನನ್ನ ಮುಖ ನೋಡಿದಳು. "ನಿನಗೆ ಗೊತ್ತಿತ್ತಾ?"

ಇಲ್ಲ ಅನ್ನಬಹುದಿತ್ತು. ತಲೆ ತಗ್ಗಿಸಿದೆ. ಅವಳು ಒಳಗೆ ಹೋಗಿ, ಅಜ್ಜಿಯ ಮಡಿಲಿನಿಂದ ಬಸ್ಸನ್ನೂ ಎಂಟು ಜನರನ್ನೂ ತೆಗೆದು ಚೀಲಕ್ಕೆ ತುಂಬಿ, ದಾರ ಬಿಗಿದು ತಂದು ನನ್ನ ಕೈಯಲ್ಲಿಟ್ಟಳು. ಬೈದಿದ್ದರೆ ನಾನು ಬದುಕುತ್ತಿದ್ದೆ. ಅವಳು ಬಾಗಿಲು ಹಾಕಿದಳು.

ಪಪ್ಪನ ಮುಂದೆ ನಾನು ಕೂಗಾಡಿದೆ. ಜೀವನದಲ್ಲಿ ಮೊದಲ ಸಲ. ಕಾಗದಗಳ ವಿಷಯ ಹೇಳಲಿಲ್ಲ, ಅಷ್ಟು ಆಣೆಯನ್ನಾದರೂ ಉಳಿಸಿಕೊಂಡೆ. ಅದು ಜೊಹರಾಳ ಬಾಪ ಅಂತ ಮಾತ್ರ ಹೇಳಿದೆ. ಪಪ್ಪ ಮಂಕಾದರು. "ಕುದ್ರೋಳಿಯಲ್ಲಿ ಮನೆಗೊಬ್ಬರು ಗಲ್ಫಿನಲ್ಲಿದ್ದಾರೆ ಬೇಬಿ. ಯಾರ ಬಾಪ ಅಂತ ನನಗೆ ಎಂತ ಗೊತ್ತು?" ಅಂದರು. ಹೇಳುವಾಗ ನನ್ನ ಮುಖ ನೋಡಲಿಲ್ಲ. ಆಮೇಲೆ ತಲೆ ಸವರಿ, "ಪೆಟ್ಟಿಗೆ ಮಾಮನನ್ನು ತೆಗೆಯುವಾ. ಈಗ ಮಾಡಿಟ್ಟ ಲಾಟ್ ಮುಗಿಯಲಿ" ಅಂದರು. ನಾನು ನಂಬಿದೆ. ಪಪ್ಪ ಹೇಳಿದ್ದನ್ನು ನಂಬದೆ ಇನ್ನು ಯಾರನ್ನು ನಂಬುವುದು?

ಲಾಟ್ ಮುಗಿಯಲಿಲ್ಲ. ಬಸ್ಸು ಅಂಗಡಿಗೆ ಹೋದ ಹಾಗೆ ಖಾಲಿಯಾಯಿತು, ಉಡುಪಿಯಿಂದ ಬೇಡಿಕೆ ಬಂತು, ಹುಬ್ಬಳ್ಳಿಯಿಂದ ಬಂತು. ಅಂಗಡಿಯವರೆಲ್ಲ ಹೇಳಿದ್ದು ಒಂದೇ ಮಾತು, ಆ ಪೆಟ್ಟಿಗೆ ಮಾಮ ಭಾರೀ ಲಾಯ್ಕ್ ಉಂಟು. ನಾನು ಎರಡು ಸಲ ನೆನಪಿಸಿದೆ, ಎರಡು ಸಲವೂ ಲಾಟಿನ ಮಾತೇ. ಮೂರನೆಯ ಸಲ ಊಟದ ಹೊತ್ತಿಗೆ ಕೇಳಿದಾಗ ಪಪ್ಪನಿಗೆ ಸಿಟ್ಟು ಬಂತು. "ಅವತ್ತು ನಾನು ಎಚ್ಚರ ಇದ್ದದ್ದು ನೀನು ನೋಡಿದ್ದಿ ಅಲ್ವಾ? ಇನ್ನೊಮ್ಮೆ ಹೇಳು ಅಂತ ಹೇಳಿಸಿದ್ದು ಯಾರು? ನೀನೂ ನಕ್ಕಿದ್ದಿ."

ಅಮ್ಮ ಬಡಿಸುವ ಕೈ ನಿಲ್ಲಿಸಿ ಪಪ್ಪನನ್ನು ನೋಡಿದರು. ಪಪ್ಪ ಕೇಳಿಸಿಕೊಂಡದ್ದನ್ನಾದರೂ ನಾನು ಹೇಗೋ ಕ್ಷಮಿಸುತ್ತಿದ್ದೆ. ನನ್ನ ಆ ಒಂದು ನಗುವನ್ನು ಜೋಪಾನವಾಗಿ ಎತ್ತಿಟ್ಟುಕೊಂಡು, ಬೇಕಾದ ದಿನ ನನ್ನ ಮೇಲೆಯೇ ತೆಗೆದರಲ್ಲ, ಅದನ್ನು ಇವತ್ತಿಗೂ ಕ್ಷಮಿಸಿಲ್ಲ. ಕೆಟ್ಟ ಮನುಷ್ಯರಾಗಿದ್ದರೆ ನನಗೆ ಸುಲಭವಿತ್ತು. ಜ್ವರ ಬಂದಾಗ ಹೆಗಲ ಮೇಲೆ ಹಾಕಿಕೊಂಡು ಮಳೆಯಲ್ಲಿ ಡಾಕ್ಟರ ಮನೆಗೆ ಓಡಿದವರು, ಕೆಲಸದವರ ಮಕ್ಕಳಿಗೆಲ್ಲ ಪುಸ್ತಕ ತೆಗೆದುಕೊಟ್ಟವರು ಇದೇ ಪಪ್ಪ. ಮತ್ತೆ ನಾನು ಆ ವಿಷಯ ಎತ್ತಲಿಲ್ಲ.

ಪೆಟ್ಟಿಗೆ ಮಾಮ ಯಾರೆಂದು ಓಣಿಯವರಿಗೆ ಅರ್ಥವಾಗಲು ತಡವಾಗಲಿಲ್ಲ. ಗಲ್ಫಿಗೆ ಹೋದವರು ತುಂಬ ಇದ್ದರು, ಬಾರದೆ ಉಳಿದವರು ಒಬ್ಬರೇ. ಉಮ್ಮ ನೀರಿಗೆ ಬಂದಾಗ ಹಿಂದಿನಿಂದ ಹುಡುಗರು "ಮುಂದಿನ ಸ್ಟಾಪ್" ಅಂತ ಕೂಗುವುದು ನನ್ನ ಕಿವಿಗೇ ಬಿತ್ತು. ಶಾಲೆಯಲ್ಲಿ ಜೊಹರಾ ಬೇರೆ ಬೆಂಚಿಗೆ ಹೋದಳು. ಒಂದು ದಿನ ಉಮ್ಮ ಉಳಿದ ಬಟ್ಟೆಯನ್ನು ಮಡಚಿ, ಅದರ ಮೇಲೆ ನೂಲಿನ ಉಂಡೆಗಳನ್ನಿಟ್ಟು ನಮ್ಮ ಮನೆಯ ಮೆಟ್ಟಿಲ ಮೇಲೆ ಬಿಟ್ಟುಹೋದರು. ಮಳೆಗಾಲ ಮುಗಿಯುವ ಮೊದಲೇ ಮೂವರೂ ಕಾಟಿಪಳ್ಳಕ್ಕೆ, ಉಮ್ಮನ ಅಣ್ಣನ ಮನೆಗೆ ಹೊರಟರು. ಟೆಂಪೋದಲ್ಲಿ ಹೊಲಿಗೆ ಮಿಷನಿನ ಪಕ್ಕ ಅಜ್ಜಿಯನ್ನು ಕೂರಿಸಿದ್ದರು. ನಾನು ನಮ್ಮ ಗೇಟಿನ ಒಳಗೆ ನಿಂತಿದ್ದೆ. ಜೊಹರಾ ಈ ಕಡೆ ತಿರುಗಲಿಲ್ಲ.

ಪಪ್ಪ ತೀರಿಕೊಂಡು ಕಂಪನಿ ನನ್ನ ಕೈಗೆ ಬಂದ ಮೊದಲ ವರ್ಷವೇ ನಾನು ಪೆಟ್ಟಿಗೆ ತುಂಬಿಸಿದೆ. ಒಳಗೆ ಒಂದು ಕಂಬಳಿ, ಒಂದು ಫ್ರಾಕು, ಮರದಲ್ಲಿ ಕೆತ್ತಿಸಿ ಬಣ್ಣ ಹಚ್ಚಿಸಿದೆ. ಚೀಟಿಯಲ್ಲಿ ಉಮ್ಮ ಅವತ್ತು ಓದಿದ್ದನ್ನೇ ಅಚ್ಚು ಹಾಕಿಸಿದೆ. ನನಗೆ ಒಂದು ಭಾರ ಇಳಿದ ಹಾಗಾಗಿತ್ತು. ಡೀಲರುಗಳು ಫೋನ್ ಮಾಡಿದರು, ಪೆಟ್ಟಿಗೆ ಖಾಲಿ ಇದ್ದದ್ದೇ ಚಂದ ಮೇಡಂ, ಈಗ ಜನ ಕೈಗೆತ್ತಿಕೊಂಡು ಕೆಳಗಿಡುತ್ತಾರೆ. ಆ ಸೀಸನ್ ಮಾಲು ಗೋಡೌನಿನಲ್ಲೇ ಉಳಿಯಿತು. ಎದುರಿಗೆ ಕೆಲಸದವರ ಸಂಬಳವಿತ್ತು, ಮಷೀನಿನ ಕಂತು ಇತ್ತು. ಮರುವರ್ಷ ಖಾಲಿ ಪೆಟ್ಟಿಗೆ ಮತ್ತೆ ಬಂತು. ಅದಕ್ಕೆ ಸಹಿ ಹಾಕಿದ್ದು ಪಪ್ಪ ಅಲ್ಲ.

ಎರಡು ವರ್ಷದ ಹಿಂದೆ ಕಾಟಿಪಳ್ಳದ ಒಂದು ಚಿಕ್ಕ ಶಾಲೆಗೆ ಆಟಿಕೆ ಕೊಡಲು ಹೋಗಿದ್ದೆ. ನಮ್ಮವರು ಪೆಟ್ಟಿಗೆಗಳನ್ನು ಇಳಿಸುತ್ತಿದ್ದರು. ಹೆಡ್‌ಮಿಸ್ ಹೊರಗೆ ಬಂದರು. ತಲೆಯ ಮೇಲೆ ನೀಲಿ ಶಾಲು, ದಪ್ಪ ಕನ್ನಡಕ. ಎರಡು ಹೆಜ್ಜೆ ಹತ್ತಿರ ಬಂದ ಮೇಲೆ ನನಗೆ ಗುರುತು ಸಿಕ್ಕಿತು.

"ಬನ್ನಿ ಮೇಡಂ, ಕೂತ್ಕೊಳ್ಳಿ" ಅಂದಳು ಜೊಹರಾ.

ಚಹಾ ಬಂತು. ಉಮ್ಮ ಇಲ್ಲ, ಅಜ್ಜಿ ಇಲ್ಲಿಗೆ ಬಂದ ಮರುವರ್ಷವೇ ತೀರಿಹೋದರು ಅಂದಳು. ಕೇಳಬಾರದೆಂದುಕೊಂಡರೂ ಕೇಳಿದೆ. "ಬಾಪ?"

"ಬಂದ್ರು. ನಾನು ಒಂಬತ್ತನೇ ಕ್ಲಾಸಲ್ಲಿರುವಾಗ. ಇಲ್ಲಿಗೇ ಹುಡುಕಿಕೊಂಡು ಬಂದ್ರು." ಅವಳು ಲೋಟವನ್ನು ಮೇಜಿನ ಮೇಲಿಟ್ಟಳು. "ಕೈಯಲ್ಲಿ ಒಂದೇ ಒಂದು ಚೀಲ ಇತ್ತು ಮೇಡಂ. ನಿಮ್ಮ ಕಂಪನಿದು. ಮಂಗಳೂರಲ್ಲಿ ಇಳಿದು, ಇದ್ದ ಚಿಲ್ಲರೆಯಲ್ಲಿ ಮಗಳಿಗೆ ಅಂತ ತೆಗೊಂಡದ್ದಂತೆ."

"ಬಸ್ಸಾ?"

"ಬಸ್ಸೇ. ನಾನು ದೊಡ್ಡವಳಾದದ್ದು ಅವರಿಗೆ ಎಲ್ಲಿ ಗೊತ್ತು? ಚಂದ ಉಂಟು ಬಾಪ ಅಂದೆ. ಒಬ್ಬೊಬ್ಬರನ್ನೇ ತೆಗೆದು ನನ್ನ ಮುಂದೆ ನಿಲ್ಲಿಸಿದ್ರು. ಚೀಟಿ ಓದಿ ಹೇಳ್ತೇನೆ ಅಂದ್ರು. ಬೇಡ ಬೇಡ, ಆಮೇಲೆ ನಾನೇ ಓದ್ತೇನೆ ಅಂದೆ. ಕೇಳ್ಲಿಲ್ಲ. ಕೊನೆಯವರೆಗೆ ಓದಿದ್ರು. ಪೆಟ್ಟಿಗೆ ತೆರೆದು ನೋಡಿದ್ರು. ಮುಚ್ಚಿದ್ರು."

"ಜೊಹರಾ" ಅಂದೆ. ಮುಂದೆ ಹೇಳಬೇಕಾದ ಮಾತನ್ನು ಎಷ್ಟೋ ವರ್ಷಗಳಿಂದ ಮನಸ್ಸಿನಲ್ಲಿ ತಿದ್ದಿ ತಿದ್ದಿ ಇಟ್ಟುಕೊಂಡಿದ್ದೆ.

ಅದಕ್ಕೆ ಮೊದಲೇ ಅವಳು ಎದ್ದು ಹೊರಗೆ ಹೋಗಿ, ಇಳಿಸಿದ ಆಟಿಕೆಗಳನ್ನು ನೋಡಿ, ಬಸ್ಸುಗಳನ್ನು ಬೇರೆ ಇಟ್ಟಳು. "ಬಾಕಿ ಎಲ್ಲ ಇರಲಿ ಮೇಡಂ, ಮಕ್ಕಳಿಗೆ ಖುಷಿ ಆಗ್ತದೆ. ಇದೊಂದನ್ನು ವಾಪಸ್ ತೆಗೊಂಡು ಹೋಗಿ. ಇಲ್ಲಿ ತುಂಬ ಮಕ್ಕಳ ಅಪ್ಪಂದಿರು ಹೊರದೇಶದಲ್ಲಿ ಇದ್ದಾರೆ."

ಆ ಬಸ್ಸುಗಳನ್ನು ನಾನೇ ಎತ್ತಿ ಕಾರಿನಲ್ಲಿಟ್ಟೆ. ನಮ್ಮ ಆಟಿಕೆ ಇಲ್ಲದ ಮನೆ ಈ ಊರಿನಲ್ಲಿ ಹುಡುಕಬೇಕು ಎಂದು ಸಭೆಗಳಲ್ಲಿ ಹೊಗಳುತ್ತಾರೆ, ಇರಬಹುದು. ಆದರೆ ಆ ಮಧ್ಯಾಹ್ನದ ನಂತರ ಯಾರೂ ನನ್ನ ಕಿವಿಗೆ ಬಾಯಿ ತಾಗಿಸಿ ಏನನ್ನೂ ಹೇಳಿಲ್ಲ, ಹೇಳು ಅಂತ ಕೇಳುವ ಧೈರ್ಯ ನನಗೂ ಬಂದಿಲ್ಲ. ನಾನಿದ್ದೇನೆಂದು ಹೆದರದೆ ಮನಸ್ಸು ಬಿಚ್ಚಿ ಆಡಿದವಳು ಇಡೀ ಲೋಕದಲ್ಲಿ ಒಬ್ಬಳೇ ಇದ್ದಳು. ಅವಳು ಗೇಟಿನವರೆಗೆ ಬಂದು, ಮನೆಗೆ ಬಂದವರಿಗೆ ಕೊಡುವ ಮರ್ಯಾದೆ ಕೊಟ್ಟು, ಕಾರು ಹೊರಡುವವರೆಗೆ ನಿಂತು, ತನ್ನ ಶಾಲೆಯ ಮಕ್ಕಳ ಕಡೆಗೆ ತಿರುಗಿ ಹೋದಳು.